ಬಣ್ಣ ಬಳಿದಷ್ಟು ನಮ್ಮದು

೧

ಮನೆಸಾಲದ ಕಥೆಯನ್ನು ಎಲ್ಲಿಂದ ಶುರುಮಾಡಬೇಕು? ಸಾಲ ಮಂಜೂರಾದ ದಿನದಿಂದ ಶುರುಮಾಡಿದರೆ ಅದು ಸಂತೋಷದ ಕಥೆಯಾಗಿಬಿಡುತ್ತದೆ. ತೀರಿದ ದಿನದಿಂದ ಹಿಂದಕ್ಕೆ ಹೇಳೋಣವೆಂದರೆ ಆ ದಿನ ಇನ್ನೂ ಬಂದಿಲ್ಲ. ಅದು ಯಾವಾಗ ಬರುತ್ತದೆ ಅನ್ನುವುದೇ ಕಥೆ.

ನಾನು ಸ್ವಭಾವತಃ ನಿಧಾನದವನು. ಹಿಂದೊಮ್ಮೆ ಒಂದು ಕಥೆಯಲ್ಲಿ ಕರುವನ್ನು ಕೊಟ್ಟಿಗೆಯಿಂದ ಅಂಗಳಕ್ಕೆ ತರುವಷ್ಟರಲ್ಲಿ ಮೂರು ಪುಟ ಮುಗಿಸಿದ್ದೆ. ಅಷ್ಟು ಹೊತ್ತಿಗೆ ಕರುವಿಗೆ ಕೊಂಬು ಬಂದಿತ್ತು ಎಂದು ಗೆಳೆಯರು ಇವತ್ತಿಗೂ ಆಡಿಕೊಳ್ಳುತ್ತಾರೆ. ಅದಕ್ಕೇ ಈ ಸಲ ಮೊದಲೇ ಕರಾರು ಮಾಡಿಕೊಂಡುಬಿಡೋಣ. ಈ ಕಥೆ ಏಳು ಭಾಗಗಳಲ್ಲಿ ಮುಗಿಯುತ್ತದೆ. ಏಳೇ ಏಳು. ನೀವು ಭಾಗಕ್ಕಿಷ್ಟು ಅಂತ ಸಮಯ ಕಟ್ಟುತ್ತಾ ಹೋಗಿ, ಕೊನೆಗೆ ಕಥೆ ನಿಮ್ಮದು.

(ಕರಾರಿನ ಕೆಳಗೆ ಸಣ್ಣ ಅಕ್ಷರದಲ್ಲಿ ಇನ್ನೂ ಏನೋ ಇದೆ. ಈಗ ಓದಬೇಕಾಗಿಲ್ಲ. ಯಾರೂ ಓದುವುದಿಲ್ಲ.)

೨

ಮೊದಲ ಕರಡು ಹೀಗೆ ಶುರುವಾಗಿತ್ತು: ಊರ ಹೊರಗೆ ಒಂಟಿ ಮರದ ನೆರಳು ಬೀಳುವಲ್ಲಿ ಒಂದು ಹೊಲವಿತ್ತು. ಹರಿದು ಹಾಕಿದೆ. ಈ ಕಥೆಯಲ್ಲಿ ಹೊಲವೇ ಇಲ್ಲ. ನೊಗ ಕಳಚಿದ ಎತ್ತು ತಾನಾಗಿ ನೀರಿನ ತೊಟ್ಟಿಯ ಕಡೆ ಹೋಗುವ ಹಾಗೆ ನನ್ನ ಕೈ ಹೊಲದ ಕಡೆ ಹೋಗಿಬಿಡುತ್ತದೆ, ಅಷ್ಟೇ.

ಇರುವುದು ಒಂದು ಮನೆ. ಆರು ನೂರು ಚದರಡಿ. ಬೀದಿಗೆ ತೆರೆದುಕೊಳ್ಳುವ ಮುಂದಿನ ಕೋಣೆ, ಅದರ ಹಿಂದೆ ಒಳಕೋಣೆ, ಅಡುಗೆಮನೆ, ಬಚ್ಚಲು, ನಡುವೆ ಓಡಾಡುವುದಕ್ಕೆ ಒಂದಿಷ್ಟು ಜಾಗ. ಮುಂದಿನ ಕೋಣೆಯ ಗೋಡೆಗಳಿಗೆ ಹಳದಿ ಬಣ್ಣ. ಅದನ್ನು ದಾಟಿ ಒಳಗೆ ಕಾಲಿಟ್ಟರೆ ಬಣ್ಣವೇ ಇಲ್ಲ, ಗಿಲಾವು ಮಾಡಿದ ಸಿಮೆಂಟು ಹಾಗೇ ಬೂದಿಬಣ್ಣದಲ್ಲಿ ನಿಂತಿದೆ. ಹಳದಿಯೂ ಒಂದೇ ಹಳದಿಯಲ್ಲ. ಬೀದಿಬಾಗಿಲಿನಿಂದ ಮೂರು ಮೂರು ಅಡಿಗೆ ಒಂದೊಂದು ಪಟ್ಟಿ, ಪಟ್ಟಿಗೊಂದು ಹಳದಿ. ಒಂದು ಮಾಗಿದ ಹಣ್ಣಿನದು, ಒಂದು ಒಣಹುಲ್ಲಿನದು, ಇನ್ನೊಂದು ಸೀಮೆಸುಣ್ಣದ ಪಕ್ಕದ್ದು. ಡಬ್ಬಿಯ ಮೇಲೆ ಐದು ವರ್ಷವೂ ಒಂದೇ ನಂಬರು ಇತ್ತೆಂದು ಮನೆಯವರು ಆಣೆಮಾಡಿ ಹೇಳುತ್ತಾರೆ.

ಮನೆಯವರು ಅಂದರೆ ಮೂರು ಜನ. ನಗರದ ಬಸ್ಸು ಓಡಿಸುವ ಡ್ರೈವರ್. ಅವನ ಹೆಂಡತಿ ಕಾಲರಕ್ಕ, ಆ ಹೆಸರು ಯಾಕೆಂದು ಮುಂದೆ ಹೇಳುತ್ತೇನೆ. ಅವನ ತಾಯಿ, ಬೀದಿಯವರೆಲ್ಲ ಕರೆಯುವ ಹಾಗೆ ನಾವೂ ಹಿರಿಯಮ್ಮ ಅನ್ನೋಣ.

ಬಣ್ಣದ ಈ ಪದ್ಧತಿ ಹಿರಿಯಮ್ಮನಿಂದ ಶುರುವಾದದ್ದು. ಇಪ್ಪತ್ತು ಲಕ್ಷ ಸಾಲ ತೆಗೆದು ಮನೆ ಕೊಂಡಾಗ ಅವರು ಒಂದೇ ಮಾತು ಹೇಳಿದರು. ಸಾಲದ ನೆಲದ ಮೇಲೆ ನಾನು ಹಾಸಿಗೆ ಹಾಸುವುದಿಲ್ಲ. ಹಾಗೆಂದು ಮಗಳ ಮನೆಗೆ ಹೋಗಿ ಕೂತರು. ಮಗ ತಲೆ ಓಡಿಸಿದ. ಇಪ್ಪತ್ತು ವರ್ಷದ ಸಾಲ, ಹಾಗಾದರೆ ವರ್ಷಕ್ಕೆ ಮನೆಯ ಇಪ್ಪತ್ತನೇ ಒಂದು ಪಾಲು ನಮ್ಮದು, ಅಂದರೆ ಮೂವತ್ತು ಚದರಡಿ. ಹತ್ತಡಿ ಅಗಲದ ಕೋಣೆಯಲ್ಲಿ ಬಾಗಿಲಿನಿಂದ ಮೂರಡಿ ಒಳಕ್ಕೆ ಟೇಪು ಹಿಡಿದರೆ ಸರಿಯಾಗಿ ಮೂವತ್ತು. ತೀರಿಸಿದಷ್ಟಕ್ಕೆ ಬಣ್ಣ ಹೊಡೆಯುತ್ತೇನೆ, ಕಣ್ಣಾರೆ ನೋಡಿಕೊಂಡು ಮಲಗು ಅಂದ. ಹಿರಿಯಮ್ಮ ಒಪ್ಪಿದರು. ಮೊದಲ ವರ್ಷ ತುಂಬಿದ ದಿನ ಮಂಚದ ಸಮೇತ ಬಂದರು. ಪಟ್ಟಿ ಮೂರಡಿ, ಮಂಚವೂ ಮೂರಡಿ. ಮುಂದಿನ ಇಡೀ ವರ್ಷ ಬೀದಿಬಾಗಿಲು ಅರ್ಧವೇ ತೆರೆಯುತ್ತಿತ್ತು. ನೆಂಟರು ಹೊಟ್ಟೆ ಒಳಗೆಳೆದುಕೊಂಡು ಅಡ್ಡಡ್ಡ ನಡೆದು ಬರುತ್ತಿದ್ದರು.

ಐದು ವರ್ಷಕ್ಕೆ ಐದು ಪಟ್ಟಿ. ಈಗ ಮುಂದಿನ ಕೋಣೆ ಪೂರ್ತಿ ಹಳದಿ. ಮನೆಯ ಕಾಲುಭಾಗ ನಮ್ಮದು ಎಂದು ಮೂವರೂ ನಂಬಿದ್ದಾರೆ.

(ನಿಮಗೆ ಲೆಕ್ಕ ಗೊತ್ತಿದ್ದರೆ ದಯವಿಟ್ಟು ಸುಮ್ಮನಿರಿ. ಅವರಿಗೆ ಶನಿವಾರದವರೆಗೆ ಗೊತ್ತಾಗುವುದಿಲ್ಲ.)

೩

ಕಾಲರಕ್ಕನನ್ನು ನಾನು ಮೊದಲು 'ದಣಿದ ಕಣ್ಣಿನ ಹೆಂಗಸು' ಎಂದು ಬರೆದಿದ್ದೆ. ಅವಳು ತಕರಾರು ತೆಗೆದಳು.

"ಕಥೆಯವರೇ, ನನ್ನ ಕಣ್ಣಿಗೆ ಏನೂ ಆಗಿಲ್ಲ. ಸೂಜಿಗೆ ದಾರ ಮೊದಲನೇ ಸಲಕ್ಕೇ ಹೋಗತ್ತೆ. ದಣಿದಿರೋದು ನಿಮ್ಮ ಪೆನ್ನು ಇರಬೇಕು."

ಹೊಡೆದು ಹಾಕಿದ್ದೇನೆ.

ಬಟ್ಟೆ ಕಾರ್ಖಾನೆಯಲ್ಲಿ ಹನ್ನೊಂದು ವರ್ಷದಿಂದ ಅವಳದು ಅಂಗಿಗೆ ಕಾಲರ್ ಕೂರಿಸುವ ಕೆಲಸ. ತೋಳು ಹಿಂದಿನ ಮೇಜಿನವರದು, ಜೇಬು ಪಕ್ಕದವರದು, ಗುಂಡಿ ಕೊನೆಯ ಸಾಲಿನವರದು. ಬಸ್ಸಿನಲ್ಲಿ ಯಾರದಾದರೂ ಕತ್ತಿನ ಪಟ್ಟಿ ನೋಡಿ, ಇದು ನಮ್ಮ ಲೈನಿನದು, ಮಧ್ಯಾಹ್ನದ ಮೇಲೆ ಹೊಲಿದದ್ದು ಎಂದು ಹೇಳಬಲ್ಲಳು. ಆದರೆ ಒಂದು ಇಡೀ ಅಂಗಿ ಅವಳ ಕೈಯಿಂದ ಈವರೆಗೂ ಹೊರಬಿದ್ದಿಲ್ಲ.

ಗಂಡಹೆಂಡಿರಲ್ಲಿ ಒಂದು ಒಪ್ಪಂದ. ಕಂತು ಅವನ ಸಂಬಳದಿಂದ, ಊಟತಿಂಡಿ ಕರೆಂಟು ಅವಳ ಸಂಬಳದಿಂದ. ಮುಂದಿನ ಕೋಣೆ ಪೂರ್ತಿ ನಮ್ಮದಾದ ದಿನ ಅವಳು ಕಾರ್ಖಾನೆ ಬಿಡಬೇಕು, ಆ ಕೋಣೆಯಲ್ಲೇ ಹೊಲಿಗೆ ಅಂಗಡಿ ಹಾಕಬೇಕು. ಓವರ್‌ಟೈಮ್ ಮಾಡಿ ಐದು ವರ್ಷದಲ್ಲಿ ಅಂಗಡಿಗೆಂದೇ ಎರಡು ಲಕ್ಷ ಕೂಡಿಟ್ಟಿದ್ದಾಳೆ. ಹೊಸ ಮಷೀನಿಗೆ ಅರ್ಧ, ಕತ್ತರಿಸುವ ಮೇಜು, ಬೋರ್ಡು, ದಾರ ಲೈನಿಂಗಿಗೆ ಉಳಿದರ್ಧ. ಐದನೇ ಪಟ್ಟಿ ಒಣಗಿದೆ. ರಾಜೀನಾಮೆ ಬರೆದು ಚೀಲದಲ್ಲಿ ಇಟ್ಟುಕೊಂಡಿದ್ದಾಳೆ. ಸೋಮವಾರ ಬೆಳಿಗ್ಗೆ ಸೂಪರ್‌ವೈಸರ್ ಕೈಗೆ ಕೊಡುವುದೊಂದೇ ಬಾಕಿ.

(ಇಷ್ಟು ದೂರ ಓದಿದಿರಿ. ಕಥೆ ನಿಜವಾಗಿ ಮುಂದೆ ಹೋದದ್ದು ಎಷ್ಟು? ಚೀಲದಲ್ಲಿ ಒಂದು ರಾಜೀನಾಮೆ, ಅಷ್ಟೇ. ಅದು ಅಸಲು. ಕರು, ಎತ್ತು, ಹೊಟ್ಟೆ ಒಳಗೆಳೆದುಕೊಂಡ ನೆಂಟರು, ಇದೆಲ್ಲ ಬಡ್ಡಿ. ಮೊದಲ ಭಾಗಗಳಲ್ಲಿ ಬಡ್ಡಿಯೇ ಹೆಚ್ಚು. ಬೇಜಾರು ಮಾಡಿಕೊಳ್ಳಬೇಡಿ, ಎಲ್ಲ ಕಡೆಯೂ ಹಾಗೆಯೇ.)

೪

ಶನಿವಾರ ಕಾಲರಕ್ಕ ಬ್ಯಾಂಕಿಗೆ ಹೋದಳು. ಅಂಗಡಿಗೆ ಪರವಾನಗಿ ಬೇಕು, ಮುಂದಿನ ಕೋಣೆಯ ಮೇಲೆ ಬ್ಯಾಂಕಿನ ಹಕ್ಕು ಇನ್ನಿಲ್ಲ ಎಂದು ಒಂದು ಚೀಟಿ ತಂದರೆ ಒಳ್ಳೆಯದು ಎಂದು ಅವಳ ಯೋಚನೆ. ಡ್ರೈವರನೂ ಡ್ಯೂಟಿ ಬದಲಿಸಿಕೊಂಡು ಜೊತೆಗೆ ಹೋದ. ಕೋಣೆಯ ಅಳತೆಯನ್ನು ಅಂಗೈ ಮೇಲೆ ಬರೆದುಕೊಂಡಿದ್ದ.

ಸಾಲದ ವಿಭಾಗದಲ್ಲಿ ಕನ್ನಡಕದ ಹುಡುಗಿಯೊಬ್ಬಳು ಕೂತಿದ್ದಳು. ಅಂಗೈ ನೋಡಿದಳು, ಕಂಪ್ಯೂಟರ್ ನೋಡಿದಳು, ಮತ್ತೆ ಅಂಗೈ ನೋಡಿದಳು. ನಗಲಿಲ್ಲ. ನಗದೆ ಇರುವುದಕ್ಕೆ ಟ್ರೈನಿಂಗ್ ಆಗಿರಬೇಕು.

"ಮೇಡಂ, ಮನೆ ಕೋಣೆ ಕೋಣೆಯಾಗಿ ಬಿಡುಗಡೆ ಆಗಲ್ಲ. ಕೊನೇ ಕಂತು ಕಟ್ಟೋವರೆಗೂ ಪೂರ್ತಿ ಅಡವೇ."

"ಅದು ಕಾಗದದ ಮಾತು," ಅಂದಳು ಕಾಲರಕ್ಕ. "ಲೆಕ್ಕದ ಮಾತು ಹೇಳಿ. ಐದು ವರ್ಷ ಕಟ್ಟಿದೀವಿ. ಕಾಲುಭಾಗ ತೀರಿತು ಅಲ್ವಾ?"

ಹುಡುಗಿ ತೆರೆಯನ್ನು ಅವರ ಕಡೆ ತಿರುಗಿಸಿದಳು. ಅವಳು ಹೇಳಿದ್ದನ್ನು ನಾನು ನನ್ನ ಮಾತಿನಲ್ಲಿ ಹೇಳುತ್ತೇನೆ. ತಿಂಗಳ ಕಂತು ಹದಿನೆಂಟು ಸಾವಿರ. ಅದು ಬಂದ ಕೂಡಲೇ ಬಡ್ಡಿ ಮೊದಲು ಪಂಕ್ತಿಗೆ ಕೂರುತ್ತದೆ. ಮೊದಲ ತಿಂಗಳು ಅದು ತಿಂದದ್ದು ಹದಿನೈದು ಸಾವಿರ, ಸಾಲದಿಂದ ಇಳಿದದ್ದು ಮಿಕ್ಕ ಮೂರು. ಸಾಲ ಇಳಿದ ಹಾಗೆ ಬಡ್ಡಿಯ ಹಸಿವೂ ಇಳಿಯುತ್ತದೆ, ಆದರೆ ಅದು ನಿಧಾನದಲ್ಲಿ ನನ್ನ ವಂಶದ್ದು. ಈ ನಡುವೆ, ಮೂರನೇ ವರ್ಷ, ಬಡ್ಡಿ ದರ ನೂರಕ್ಕೆ ಒಂಬತ್ತರಿಂದ ಹತ್ತಾಯಿತು. ಆಗಿನಿಂದ ಬಡ್ಡಿಗೆ ಹದಿನಾರು, ಸಾಲಕ್ಕೆ ಎರಡು. ಐದು ವರ್ಷದಲ್ಲಿ ಅವರು ಕಟ್ಟಿದ್ದು ಹತ್ತು ಲಕ್ಷ ಎಂಬತ್ತು ಸಾವಿರ. ಇಪ್ಪತ್ತು ಲಕ್ಷದ ಸಾಲ ಇಳಿದಿರುವುದು ಒಂದು ಲಕ್ಷ ಅರವತ್ತು ಸಾವಿರ.

ಡ್ರೈವರ್ ತಡೆದ. ದರ ಏರಿದ್ದರೆ ಕಂತು ಏರಬೇಕಿತ್ತಲ್ಲ. ಕಂತಿನಲ್ಲಿ ಬದಲಾವಣೆ ಇಲ್ಲ ಎಂದು ಆಗ ಮೊಬೈಲಿಗೆ ಮೆಸೇಜು ಬಂದಿತ್ತು. ಎಷ್ಟು ಒಳ್ಳೆಯ ಬ್ಯಾಂಕು ಎಂದು ಅವನು ಖುಷಿಪಟ್ಟಿದ್ದ.

"ಹೌದು ಸರ್, ಕಂತು ಏರಿಸಲಿಲ್ಲ," ಅಂದಳು ಹುಡುಗಿ. "ವರ್ಷ ಏರಿಸಿದ್ವಿ. ಅದೇ ಮೆಸೇಜಿನ ಎರಡನೇ ಸಾಲಿನಲ್ಲಿತ್ತು."

ಇಪ್ಪತ್ತು ವರ್ಷದ ಸಾಲ ಈಗ ಇಪ್ಪತ್ನಾಲ್ಕರದ್ದು, ಮೇಲೆ ಎರಡು ತಿಂಗಳು. ದರ ಹೀಗೇ ಇದ್ದರೆ ಕೊನೆಯ ಕಂತಿನ ಹೊತ್ತಿಗೆ ಇಪ್ಪತ್ತು ಲಕ್ಷಕ್ಕೆ ಕಟ್ಟಿರುವುದು ಐವತ್ತೆರಡು ಲಕ್ಷ. ಡ್ರೈವರನಿಗೆ ಈಗ ನಲವತ್ತೈದು. ಅರವತ್ತಕ್ಕೆ ನಿವೃತ್ತಿ. ಸಾಲಕ್ಕೆ ನಿವೃತ್ತಿ ಅವನ ಅರವತ್ನಾಲ್ಕಕ್ಕೆ.

ಕಾಲರಕ್ಕ ತೆರೆಯ ಮೇಲಿನ ಅಂಕಿಗಳನ್ನು ಬೆರಳಿಟ್ಟು ಓದಿದಳು. ಕೊನೆಗೆ, ನೂರರಲ್ಲಿ ಎಷ್ಟಾಯಿತು ನಮ್ಮದು ಎಂದು ಕೇಳಿದಳು.

"ಎಂಟು, ಮೇಡಂ."

ಆರು ನೂರು ಚದರಡಿಗೆ ಎಂಟರಂತೆ ನಲವತ್ತೆಂಟು. ಅವಳು ಮನಸ್ಸಿನಲ್ಲೇ ಮನೆಯನ್ನು ಸುತ್ತಿಬಂದಳು. ಆರು ಎಂಟಲ ನಲವತ್ತೆಂಟು. ಆರಡಿಗೆ ಎಂಟಡಿ ಇರುವ ಜಾಗ ಆ ಮನೆಯಲ್ಲಿ ಒಂದೇ ಒಂದಿದೆ.

ಬಚ್ಚಲು.

೫

ಹಿರಿಯಮ್ಮನಿಗೆ ಹೇಳಬಾರದು ಎಂದು ದಾರಿಯಲ್ಲೇ ತೀರ್ಮಾನವಾಯಿತು. ಹೇಳಿದರೆ ಅವರು ಮಂಚ ಹೊತ್ತುಕೊಂಡು ಬಚ್ಚಲಿಗೆ ಹೊರಟಾರು, ಇಲ್ಲ ಮಗಳ ಮನೆಗೆ. ಹಾಗಾಗಿ ಸಂಜೆ ಗಂಡಹೆಂಡಿರು ಮಾತಾಡಲು ಬಚ್ಚಲಿಗೇ ಹೋಗಿ ಬಾಗಿಲು ಹಾಕಿಕೊಂಡರು. ಹೇಗೂ ಸ್ವಂತ ಜಾಗ. ಡ್ರೈವರ್ ಬಕೆಟ್ ಬೋರಲು ಹಾಕಿ ಕೂತ. ಕಾಲರಕ್ಕ ನಲ್ಲಿಗೆ ಒರಗಿ ನಿಂತಳು.

ಡ್ರೈವರನ ಮೊದಲ ಚಿಂತೆ ಡಿಪೋದ್ದು.

"ನಮ್ಮ ಬ್ಯಾಂಕು ಕಂತೇ ಏರಿಸಲ್ಲ ಅಂತ ಎಲ್ಲರ ಹತ್ರ ಹೇಳ್ಕೊಂಡು ಬಂದಿದೀನಲ್ಲೇ. ಈಗೇನು ಮಾಡ್ಲಿ?"

"ಅದನ್ನ ಕೇಳಿ ಯಾರಾದರೂ ಸಾಲ ಮಾಡಿದಾರಾ?"

"ಮೂರು ಜನ."

ಅವಳು ನಗಬಾರದೆಂದುಕೊಂಡೇ ನಕ್ಕಳು. ಅವನಿಗೂ ನಗು ಬಂತು. ಆದರೆ ನಗು ಬಹಳ ಹೊತ್ತು ನಿಲ್ಲಲಿಲ್ಲ. ಯಾಕೆಂದರೆ ಎದ್ದು ಬರುವ ಮುಂಚೆ ಬ್ಯಾಂಕಿನ ಹುಡುಗಿ ಇನ್ನೊಂದು ಮಾತು ಹೇಳಿದ್ದಳು. ಕೈಯಲ್ಲಿ ದುಡ್ಡೇನಾದರೂ ಇದ್ದರೆ ಈಗಲೇ ಸಾಲಕ್ಕೆ ಹಾಕಿ. ಈಗ ಎರಡು ಲಕ್ಷ ಹಾಕಿದರೆ ಕೊನೆಯಿಂದ ಹತ್ತಿರ ಹತ್ತಿರ ಐದು ವರ್ಷ ಕಳಚಿಬೀಳುತ್ತದೆ.

ಎರಡು ಲಕ್ಷ. ಅಂಗಡಿಯ ದುಡ್ಡು.

"ಇದನ್ನ ಹಾಕಿದ್ರೆ ನಿಮ್ಮ ಕೊನೇ ಐದು ವರ್ಷ ವಾಪಸ್ ಬರತ್ತೆ," ಅಂದಳು ಕಾಲರಕ್ಕ. "ಹಾಕದಿದ್ರೆ ನನ್ನ ಮುಂದಿನ ಐದು ವರ್ಷ ಉಳಿಯತ್ತೆ. ಯಾರ ವರ್ಷಕ್ಕೆ ಬೆಲೆ ಜಾಸ್ತಿ, ನೀವೇ ಹೇಳಿ."

ಡ್ರೈವರ್ ಸೋರುತ್ತಿದ್ದ ನಲ್ಲಿಯನ್ನು ಬಿಗಿ ಮಾಡಿದ. ಅದು ನಿಲ್ಲಲಿಲ್ಲ.

"ನಿನ್ನದು ಕಣ್ಣೆದುರಿಗಿದೆ. ನನ್ನದು ಬರೋ ಹೊತ್ತಿಗೆ ನಾನಿರ್ತೀನೋ ಇಲ್ವೋ."

"ಹಾಗೆಲ್ಲ ಮಾತಾಡ್ಬೇಡಿ. ಏಳಿ, ಬಕೆಟ್ ಬಿರುಕು ಬಿಡತ್ತೆ."

ಐವತ್ತೆರಡು ಲಕ್ಷ ಎಂದು ತೆರೆಯ ಮೇಲೆ ನೋಡಿದಾಗ ಅದು ಅವರಿಗೆ ಬರೀ ಅಂಕಿಯಾಗಿತ್ತು. ಬಚ್ಚಲಿನಲ್ಲಿ ಅದಕ್ಕೆ ಮುಖ ಬಂತು. ಒಂದು ಕಡೆಯಿಂದ ನೋಡಿದರೆ ಅವಳ ಮುಖ, ಇನ್ನೊಂದು ಕಡೆಯಿಂದ ಅವನದು.

(ಕೊನೆಯ ವಾಕ್ಯವನ್ನು ಹೊಡೆಯಬೇಕೋ ಬೇಡವೋ ತಿಳಿಯುತ್ತಿಲ್ಲ. ಚೆನ್ನಾಗಿದೆ ಅನ್ನಿಸಿದ್ದರಿಂದಲೇ ಅನುಮಾನ.)

೬

ಈಗ ಮುಕ್ತಾಯಗಳು. ಬೇಕಾದ್ದು ಆರಿಸಿಕೊಳ್ಳಿ.

ಮುಕ್ತಾಯ ಒಂದು. ಕಾಲರಕ್ಕ ಎರಡು ಲಕ್ಷವನ್ನು ಸಾಲಕ್ಕೆ ಹಾಕಿದಳು. ರಾಜೀನಾಮೆ ಹರಿದಳು. ಮತ್ತೆ ಐದು ವರ್ಷ ದುಡಿದು, ಕೂಡಿಟ್ಟು, ಅಂಗಡಿ ಹಾಕಿದಳು.

ಇದನ್ನು ಓದಿ ಅವಳು ನನ್ನನ್ನು ನೋಡಿದ ರೀತಿಯನ್ನು ಬರೆಯುವುದಿಲ್ಲ. "ಕರು ಅಂಗಳಕ್ಕೆ ಬರೋಕೆ ಮೂರು ಪುಟ ಕೊಟ್ಟೋರು ನೀವು. ನನ್ನನ್ನ ಐದು ವರ್ಷ ಕಾರ್ಖಾನೆಗೆ ಕಳಿಸೋಕೆ ಒಂದೇ ಸಾಲಾ?"

ಮುಕ್ತಾಯ ಎರಡು. ಅಂಗಡಿ ಆಯಿತು. ಡ್ರೈವರ್ ನಿವೃತ್ತನಾದ ಮೇಲೂ ನಾಲ್ಕು ವರ್ಷ ಶಾಲೆಯ ವ್ಯಾನು ಓಡಿಸಿ ಕಂತು ಕಟ್ಟಿದ. ಡ್ರೈವರ್ ಇದನ್ನು ಎರಡು ಸಲ ಓದಿದ. ಇಷ್ಟು ಬರೆಯುವ ಮುಂಚೆ ತನ್ನ ಸೊಂಟವನ್ನು ಒಂದು ಮಾತು ಕೇಳಬಹುದಿತ್ತು ಅಂದ.

ಮುಕ್ತಾಯ ಮೂರು. ಹೋಗಲಿ ಬಿಡಿ ಎಂದು ನಾನೇ ಬಡ್ಡಿ ದರವನ್ನು ನೂರಕ್ಕೆ ನಾಲ್ಕು ಮಾಡಿದೆ. ಕಥೆ ನನ್ನದು, ಪೆನ್ನು ನನ್ನದು. ಕರೆಯದೆಯೇ ಬ್ಯಾಂಕಿನ ಹುಡುಗಿ ಪುಟದೊಳಗೆ ಬಂದಳು. "ಸರ್, ಅದು ನಿಮ್ಮ ಕೈಯಲ್ಲಿಲ್ಲ. ಇದ್ದಿದ್ರೆ ಮೊದಲು ನನ್ನ ಸಾಲಕ್ಕೆ ಇಳಿಸಿಕೊಡಿ ಅಂತ ನಾನೇ ಕೇಳ್ತಿದ್ದೆ." ಅವಳದು ಮೂವತ್ತು ವರ್ಷದ್ದಂತೆ.

ಮುಕ್ತಾಯ ನಾಲ್ಕು. ಅರ್ಧ ಸಾಲಕ್ಕೆ, ಅರ್ಧ ಅಂಗಡಿಗೆ. ಇದರಲ್ಲೊಂದು ಸ್ವಾರಸ್ಯವಿದೆ. ಮೊದಲ ಲಕ್ಷ ಹಾಕಿದರೆ ಮೂರು ವರ್ಷಕ್ಕೆ ಸ್ವಲ್ಪ ಕಡಿಮೆ ಕಳಚುತ್ತದೆ, ಎರಡನೆಯದಕ್ಕೆ ಎರಡು ವರ್ಷ ಚಿಲ್ಲರೆ. ಅಂದರೆ ಅರ್ಧ ದುಡ್ಡಿಗೆ ಅರ್ಧಕ್ಕಿಂತ ಹೆಚ್ಚು ವರ್ಷ. ಡ್ರೈವರನ ಮುಖ ಅರಳಿತು. ಕಾಲರಕ್ಕ ಮಾತ್ರ ತಲೆಯಾಡಿಸಿದಳು. ಒಂದು ಲಕ್ಷಕ್ಕೆ ಮಷೀನು ಬರುತ್ತದೆ, ಮೇಜು ಬರುವುದಿಲ್ಲ. ಬಟ್ಟೆಯನ್ನು ಎಲ್ಲಿ ಹರವಿ ಕತ್ತರಿಸಲಿ, ನಿಮ್ಮ ಕಥೆಯ ಮೇಲಾ ಎಂದು ಕೇಳಿದಳು. ನೆಲದ ಮೇಲೆ ಕತ್ತರಿಸು ಅಂದೆ. ಇರುವ ನೆಲದಲ್ಲಿ ಅತ್ತೆಯ ಮಂಚವಿದೆ, ಅದರ ಸುತ್ತ ಅವರ ಪೆಟ್ಟಿಗೆ, ಹೂಜಿ, ಚಪ್ಪಲಿ ಇವೆ. ಅವರನ್ನು ಏಳಿ ಅನ್ನಲು ಆಗುತ್ತದೆಯೇ ಅಂದಳು. ಇಡೀ ಮನೆಯಲ್ಲಿ ಅವರು ಮಲಗಲು ಒಪ್ಪಿರುವ ನೆಲ ಅದೊಂದೇ.

೭

ಕರಾರಿನ ಪ್ರಕಾರ ಇದು ಕೊನೆಯ ಭಾಗ. ಆದರೆ ಈ ನಡುವೆ ಕಥೆಯ ದರ ಸ್ವಲ್ಪ ಏರಿದೆ. ನೀವು ಗಾಬರಿಯಾಗಬೇಕಿಲ್ಲ. ನಿಮ್ಮ ಕಂತಿನಲ್ಲಿ ಯಾವುದೇ ಬದಲಾವಣೆ ಇರುವುದಿಲ್ಲ. ಭಾಗಗಳು ಒಂಬತ್ತಾಗಿವೆ, ಅಷ್ಟೇ. ಮೊದಲನೇ ಭಾಗದ ಸಣ್ಣ ಅಕ್ಷರದಲ್ಲಿ ಇದೇ ಇತ್ತು.

೮

ಬಚ್ಚಲಿನಲ್ಲಿ ಆಡಿದ ಮಾತು ಹೊರಗೆ ಇನ್ನೂ ದೊಡ್ಡದಾಗಿ ಕೇಳಿಸುತ್ತದೆ ಎಂಬುದನ್ನು ಇಬ್ಬರೂ ಮರೆತಿದ್ದರು.

ಭಾನುವಾರ ಹಿರಿಯಮ್ಮ ಎಂದಿನಂತೆ ಎದ್ದು ಹೂಜಿ ತುಂಬಿಸಿಟ್ಟರು. ಐದು ಹಳದಿಗಳ ಉದ್ದಕ್ಕೂ ಗೋಡೆ ಸವರಿಕೊಂಡು ಒಂದೆರಡು ಸಲ ಓಡಾಡಿದರು. ಬೆಳೆ ನೋಡಲು ಬದುವಿನ ಮೇಲೆ ನಡೆಯುವವರ ಹಾಗೆ ಎಂದು ಬರೆಯಲು ಹೋಗಿ ಕೈ ತಡೆದುಕೊಂಡೆ. ಹೊಲ ಇಲ್ಲ ಎಂದು ಮಾತು ಕೊಟ್ಟಿದ್ದೇನೆ.

ಸೋಮವಾರ ಬೆಳಿಗ್ಗೆ ಮಗ ಯೂನಿಫಾರ್ಮು ಹಾಕಿಕೊಂಡು ಬರುವಷ್ಟರಲ್ಲಿ ಅವರು ಹಾಸಿಗೆ ಸುತ್ತಿಟ್ಟಿದ್ದರು. ಪೆಟ್ಟಿಗೆ, ಹೂಜಿ, ಚಪ್ಪಲಿ ಆಗಲೇ ಒಳಕೋಣೆ ಸೇರಿದ್ದವು. ಹೊರಡುತ್ತೀಯಾ ಎಂದು ಮಗ ಕೇಳಿದ. ಮಗಳ ಮನೆಗೆ ಎಂದೇ ಅವನು ತಿಳಿದಿದ್ದ.

"ಎಲ್ಲಿಗೆ ಹೊರಡಲಿ? ಮಂಚ ಒಳಗೆ ಹಾಕು."

"ಅಮ್ಮ, ಒಳಗಿಂದು ಬ್ಯಾಂಕಿಂದು."

"ಹೊರಗಿಂದೂ ಅವರದೇ ಅಂತ ನಿಮ್ಮ ಬಚ್ಚಲೇ ಹೇಳಿತಲ್ಲ." ಅವರು ಸೊಸೆಯ ಕಡೆ ತಿರುಗಿದರು. "ನಾಲ್ಕು ವರ್ಷದಿಂದ ಅವರ ನೆಲದ ಮೇಲೇ ಮಲಗಿದೀನಿ. ಏನೂ ಚುಚ್ಚಲಿಲ್ಲ. ಈ ಕೋಣೆ ನೀನು ಇಟ್ಕೋಮ್ಮ. ನೆಲದ ಮೇಲೆ ಹಾಸಿ ಕತ್ತರಿಸು. ಮೊದಲನೇ ಅಂಗಿ ಮಾತ್ರ ನನ್ನ ಮಗನಿಗೆ ಹೊಲಿ, ಈ ಯೂನಿಫಾರ್ಮು ನೋಡಿ ನೋಡಿ ಸಾಕಾಗಿದೆ."

ಹೇಳಿ, ಬೂದಿಬಣ್ಣದ ಕೋಣೆಗೆ ಹೋಗಿ ಗೋಡೆಗೆ ಒರಗಿ ಕೂತರು. ಆ ನೆಲದ ಮೇಲೆ ಅವರು ಕೂತದ್ದು ಅದೇ ಮೊದಲು.

ಕಾಲರಕ್ಕ ಚೀಲವನ್ನು ಹೆಗಲಿಗೆ ಏರಿಸಿಕೊಂಡೇ ಮಂಚದ ತಲೆಯ ಕಡೆ ಹಿಡಿದಳು. ರಾಜೀನಾಮೆ ಆ ಚೀಲದಲ್ಲೇ ಇತ್ತು.

೯

ಆ ಮಂಚ ಎಂದೂ ಮುಂದಿನ ಕೋಣೆ ದಾಟಿದ್ದಲ್ಲ. ಒಳಬಾಗಿಲು ಬೀದಿಬಾಗಿಲಿಗಿಂತ ಕಿರಿದು ಎಂಬುದು ಹಾಗಾಗಿ ಯಾರಿಗೂ ಗೊತ್ತಿರಲಿಲ್ಲ. ಡ್ರೈವರ್ ಒಳಗಿನಿಂದ ಎಳೆದ, ಅವಳು ಹೊರಗಿನಿಂದ ತಳ್ಳಿದಳು, ಮಂಚ ಅರ್ಧ ಹೋಗಿ ಚೌಕಟ್ಟಿಗೆ ಕಚ್ಚಿಕೊಂಡಿತು. ಎರಡು ಕಾಲು ಹಳದಿಯಲ್ಲಿ, ಎರಡು ಕಾಲು ಬೂದಿಯಲ್ಲಿ.

ಓರೆ ಮಾಡಿ ಅಂದರು ಹಿರಿಯಮ್ಮ. ಓರೆ ಮಾಡಿದರು. ಇನ್ನಷ್ಟು ಬಿಗಿಯಿತು. ಡ್ರೈವರ್ ಒಳಗೆ ಸಿಕ್ಕಿಕೊಂಡ. ಅವನಿಗೆ ಡ್ಯೂಟಿಗೆ ಹೊತ್ತಾಗಿತ್ತು. ಬೀದಿಯಲ್ಲಿ ಕಾರ್ಖಾನೆಯ ಬಸ್ಸು ಬಂದು ಹಾರ್ನ್ ಹೊಡೆಯಿತು. ಆ ಬಸ್ಸು ಯಾರಿಗೂ ಕಾಯುವುದಿಲ್ಲ.

"ಹೋಗೋದಾದ್ರೆ ಹೋಗು," ಅಂದ ಡ್ರೈವರ್ ಮಂಚದ ಆಚೆಯಿಂದ. "ನಾನು ಹೇಗೋ ಮಾಡ್ಕೋತೀನಿ."

"ಹೋಗಿ ಏನು ಮಾಡ್ಲಿ? ಕಾಗದ ಕೊಡ್ಲಾ, ಕಾಲರ್ ಕೂರಿಸ್ಲಾ?"

ಒಳಗಿನಿಂದ ಅವನು ಮಂಚವನ್ನು ಮತ್ತೆ ಜಗ್ಗಿದ. ಹಾರ್ನ್ ಇನ್ನೊಮ್ಮೆ ಆಯಿತು. ಅವಳ ಕೈ ಮಂಚದ ಮೇಲೆ, ಚೀಲ ಹೆಗಲ ಮೇಲೆ, ಕಣ್ಣು ಬೀದಿಯ ಕಡೆ.

ಇಲ್ಲಿ ನಾನು ಒಂದು ವಾಕ್ಯ ಬರೆದರೆ ಸಾಕು. ಬಸ್ಸು ಹೊರಟುಹೋಯಿತು ಎಂದರೆ ಒಂದು ಬಾಳು, ಅವಳು ಹತ್ತಿದಳು ಎಂದರೆ ಇನ್ನೊಂದು. ಪೆನ್ನು ಹಿಡಿದು ನಿಂತಿದ್ದೇನೆ. ನಿಧಾನದವನು, ಹೇಳಿದೆನಲ್ಲ. ನೀವೂ ಒಂಬತ್ತು ಭಾಗದ ತನಕ ಕಟ್ಟಿದ್ದೀರಿ, ಕೊಟ್ಟ ಮಾತಿನ ಪ್ರಕಾರ ಕಥೆ ಈಗ ನಿಮ್ಮದಾಗಬೇಕು. ಕೇಳುವ ಹಕ್ಕು ನಿಮಗಿದೆ.

"ಕಥೆಯವರೇ," ಅಂದಳು ಕಾಲರಕ್ಕ ತಿರುಗಿ ನೋಡದೆ. "ಅಲ್ಲಿ ನಿಂತು ಏನು ಬರೀತಿದೀರಿ? ಬನ್ನಿ ಈ ಕಡೆ. ಒಂದು ಕೈ ಹಾಕಿ."

ಕೈ ಹಾಕಿ ನೋಡಿದೆ. ಒಂದು ಕೈ ಸಾಲುವುದಿಲ್ಲ. ಹಳೇ ಕಾಲದ ಮಂಚ, ಬಲು ಭಾರ. ಎರಡೂ ಕೈ ಬೇಕು. ಹಾಗಾಗಿ ಪೆನ್ನನ್ನು ಇಲ್ಲಿ, ಐದನೇ ಹಳದಿಯ ಕೆಳಗೆ, ನೆಲದ ಮೇಲೆ ಇಟ್ಟು